ದನಿಯಿಲ್ಲದ ರೆಕಾರ್ಡಿಂಗ್

“ಇನ್ನೊಮ್ಮೆ ಹಚ್ಚು,” ಎಂದೆ.

ಅನಿಕೇತ್ ನಿಟ್ಟುಸಿರು ಬಿಟ್ಟ. ಎಸಿ ಕೋಣೆಯಲ್ಲಿ ಕೂತು ಒಬ್ಬ ಹೆಣ್ಣುಮಗಳನ್ನು ಜೈಲಿಗೆ ಕಳಿಸಲು ಹೊರಟವನಿಗೆ ಅದೇ ಬಟನ್ ಎರಡನೇ ಸಲ ಒತ್ತುವುದು ಭಾರೀ ಕಷ್ಟದ ಕೆಲಸ. ಹಾಗೂ ಹೀಗೂ ಒತ್ತಿದ.

ಪರದೆಯ ಮೇಲೆ ಮತ್ತೆ ಮಾಧುರಿಯ ಮೇಲ್ ತೆರೆದುಕೊಂಡಿತು. ಬಾಣದ ಗುರುತು ಓಡಾಡಿತು. ಗಣಿತದ ಪೇಪರ್ ಮೇಲ್‌ಗೆ ಸೇರಿತು. ಬಾಣ ‘ಸೆಂಡ್’ ಮೇಲೆ ಬಂದು ನಿಂತಿತು, ಹಿಂದಕ್ಕೆ ಸರಿಯಿತು, ಮತ್ತೆ ಬಂತು, ಮತ್ತೆ ಸರಿಯಿತು. ಕೊನೆಗೆ ಒತ್ತಿತು. ಇಷ್ಟೆಲ್ಲ ಆದರೂ ಒಂದು ಚೂರು ಸದ್ದಿಲ್ಲ.

ಉಪನಗರಗಳ ಟ್ಯೂಷನ್ ಕ್ಲಾಸುಗಳೆಲ್ಲ ಸೇರಿ ನಡೆಸುವ ಸ್ಕಾಲರ್‌ಶಿಪ್ ಪರೀಕ್ಷೆಯ ಪೇಪರ್ ಅದು. ಪರೀಕ್ಷೆಗೆ ಮೊದಲೇ ಹೊರಗೆ ಹೋಗಿತ್ತು. ಮುಲುಂಡದ ಈ ‘ಶರಣ ಕ್ಲಾಸಸ್’ನಲ್ಲಿ ಗಣಿತ ಕಲಿಸುವ ಮಾಧುರಿಯೇ ಕಳಿಸಿದಳು ಎನ್ನುವುದಕ್ಕೆ ಇದ್ದ ಒಂದೇ ಸಾಕ್ಷಿ ಈ ವಿಡಿಯೋ. ಸಂಜೆ ಪೊಲೀಸರು ಬಂದು ವಿಡಿಯೋವನ್ನೂ ಮಾಧುರಿಯನ್ನೂ ಒಟ್ಟಿಗೇ ಕರೆದುಕೊಂಡು ಹೋಗುವವರಿದ್ದರು. ಅಲ್ಲಿಯವರೆಗೆ ಅವಳನ್ನು ಪಕ್ಕದ ಖಾಲಿ ಕ್ಲಾಸ್‌ರೂಮಿನಲ್ಲಿ ಕೂರಿಸಿದ್ದರು.

“ಆಂಟಿ, ಕಿತನೀ ಬಾರ್ ನೋಡ್ತೀರಿ? ಸಾಫ್ ಐತಿ ನಾ,” ಎಂದ ಅನಿಕೇತ್.

ನನಗೆ ಇನ್ನೂ ನಲವತ್ತೈದು ತುಂಬಿಲ್ಲ. ಗ್ರಾಂಟ್ ರೋಡಿನಲ್ಲಿ ಒಂದು ಉಡುಪಿ ಹೋಟೆಲಿನ ಮೇಲಿನ ಕೋಣೆಯಲ್ಲಿ ನನ್ನ ಪತ್ತೇದಾರಿ ಆಫೀಸು. ಮದುವೆಗೆ ನಿಂತ ಗಂಡುಗಳ ಹಿಂದೆ ಮುಂದೆ ತಿರುಗಿ, ಅವರು ಹೇಳಿದ್ದರಲ್ಲಿ ಎಷ್ಟು ಸುಳ್ಳು ಎಂದು ಹೆಣ್ಣಿನ ಮನೆಯವರಿಗೆ ತಿಳಿಸುವುದು ನನ್ನ ಹೊಟ್ಟೆಪಾಡು. ಹಾಗಾಗಿ ಅನಿಕೇತನಂಥ ಮೂವತ್ತರ ಗಂಡುಗಳನ್ನು ಸಂತೆಯಲ್ಲಿ ಬದನೆಕಾಯಿ ನೋಡಿದ ಹಾಗೆ ನೋಡುವುದು ರೂಢಿಯಾಗಿದೆ. ಮೇಲೆ ಮಿರಿಮಿರಿ, ಒಳಗೆ ಹುಳ.

ಇವನ ಅಪ್ಪ ಶರಣಬಸಪ್ಪನವರ ಮಾತು ಬೇರೆ. ವಿಜಯಪುರದ ಕಡೆಯಿಂದ ಬಂದು, ಚಾಳಿನ ಒಂದೇ ಕೋಣೆಯಲ್ಲಿ ಪಾಠ ಶುರುಮಾಡಿ, ನಮ್ಮ ಕಡೆಯ ಎಷ್ಟೋ ಮಕ್ಕಳಿಗೆ ಬಿಟ್ಟಿ ಕಲಿಸಿದವರು. ಮಾಧುರಿಯೂ ಅವರಲ್ಲೊಬ್ಬಳು. ಎಲ್ಲರಿಗೂ ಅವರು ‘ಅಪ್ಪಾರು’. ನಿನ್ನೆ ಕಣ್ಣಿನ ಆಪರೇಷನ್‌ನ ಕಪ್ಪು ಕನ್ನಡಕ ಹಾಕಿಕೊಂಡು, ನನ್ನ ಆಫೀಸಿನ ಮೆಟ್ಟಿಲು ತಡವರಿಸುತ್ತ ಹತ್ತಿ ಬಂದು ಈ ಕೆಲಸ ಒಪ್ಪಿಸಿದವರೂ ಅವರೇ.

“ಆಕಿ ನನ್ನ ಮಗಳಿದ್ದಂಗ, ರಂಜವ್ವಾ. ಏನ್ ಖರೇ ಐತಿ ತಗದು ಹೇಳು. ಆಕಿ ಜೋಡಿ ಸಮಾಧಾನದಿಂದ ಮಾತಾಡು, ನಿನ್ನ ಮುಂದ ಮನಸ್ಸು ಬಿಚ್ಚಿದರೂ ಬಿಚ್ಚಬೌದು. ಆ ವಿಡಿಯೋದ್ದು ಬ್ಯಾರೆ ಕಾಪಿ ಎಲ್ಲ್ಯರ ಐತೇನು, ಅದನ್ನೂ ಕೇಳಿ ಇಟ್ಟಿರು,” ಎಂದಿದ್ದರು.

ಈ ಇಡೀ ಪ್ರಕರಣದಲ್ಲಿ ನನಗೆ ಹೇಸಿಗೆ ಹುಟ್ಟಿಸದ ಮನುಷ್ಯ ಅವರೊಬ್ಬರೇ. ಮಗ ಕೆಡಿಸುತ್ತಿರುವ ಹೆಸರನ್ನು ಈ ವಯಸ್ಸಿನಲ್ಲಿ ಉಳಿಸಿಕೊಳ್ಳಲು ಓಡಾಡುತ್ತಿದ್ದಾರಲ್ಲ ಎಂದು ಕನಿಕರವಾಗಿತ್ತು.

“ಈ ವಿಡಿಯೋ ಹೆಂಗ ಸಿಕ್ತು, ಮತ್ತೊಮ್ಮೆ ಹೇಳು,” ಎಂದೆ.

“ಮಾನಿಟರಿಂಗ್ ಸಾಫ್ಟ್‌ವೇರ್. ಸ್ಟಾಫ್‌ಗೆ ಕೊಟ್ಟಿರೋ ಎಲ್ಲಾ ಲ್ಯಾಪ್‌ಟಾಪ್‌ನಲ್ಲಿ ಹಾಕಿದೀನಿ. ಚುಪಕೇ ಸೇ, ಯಾರಿಗೂ ಗೊತ್ತಿಲ್ಲ. ಅವಳು ಮನೇಲಿ ಕೂತು ಸೆಂಡ್ ಮಾಡಿದ್ಲು, ಅದು ರೆಕಾರ್ಡ್ ಮಾಡ್ತು. ಖತಮ್.”

“ಭಾಳ ಶಾಣ್ಯಾ ಇದ್ದಿ. ಅಂಥಾ ಸಾಫ್ಟ್‌ವೇರ್ ಆರಿಸೂದು ಸಣ್ಣ ಮಾತಲ್ಲ.”

ಹೊಗಳಿಕೆ ಎಂದರೆ ಇಂಥವರಿಗೆ ಬಿಸಿಬಿಸಿ ವಡೆ. ಅನಿಕೇತ್ ಕುರ್ಚಿ ಮುಂದಕ್ಕೆಳೆದುಕೊಂಡ. ಆನ್‌ಲೈನ್ ಪಾಠ ರೆಕಾರ್ಡ್ ಮಾಡಲು ಮೊದಲು ಒಂದು ಒಳ್ಳೆಯ ಸಾಫ್ಟ್‌ವೇರ್ ಇತ್ತಂತೆ. ಅವರು ಫ್ರೀ ಕೊಡುವುದು ನಿಲ್ಲಿಸಿದ ಮೇಲೆ ಬೇರೆಯದು ಹುಡುಕುವ ಹೊಣೆಯನ್ನು ಈ ಮಹಾಶಯನೇ ಹೊತ್ತನಂತೆ.

“ಪೂರಾ ರಿಸರ್ಚ್ ಮಾಡಿದೆ, ಆಂಟಿ. ಒಂದು ಟೂಲ್ ವಿಡಿಯೋ ನಡುವೆ ತನ್ನ ಹೆಸರು ಛಾಪ್ತಿತ್ತು. ಪೇರೆಂಟ್ಸ್ ನಗ್ತಾರೆ. ರಿಜೆಕ್ಟ್.”

“ಮತ್ತ?”

“ಒಂದರಲ್ಲಿ ಹಜಾರ್ ಸೆಟ್ಟಿಂಗ್. ನಮ್ಮ ಟೀಚರ್‌ಗಳ ತಲೆಗೆ ಹೋಗಲ್ಲ. ಕಂಪ್ಯೂಟರ್ ಜೊತೆ ಬರೋದು ಒಂದಿದೆ, ಅದು ಸಾದಾ. ಟೀಚರ್ ಮುಖಾನೇ ಬರಲ್ಲ. ಮುಖ ನಹೀಂ ತೋ ಫೀಸ್ ಯಾರು ಕೊಡ್ತಾರೆ?”

“ಕಡೀಕ ಯಾವುದು ಆರಿಸಿದಿ?”

“ಬ್ರೌಸರ್‌ದು. ಒಂದೇ ಟ್ಯಾಬ್ ರೆಕಾರ್ಡ್ ಮಾಡ್ತದೆ. ಕೆಳಗೆ ಟೈಮ್, ಹಿಂದೆ ಫೈಲ್, ಕುಛ್ ನಹೀಂ ದಿಖತಾ. ಮೈಕ್ ಐತಿ. ಮೂಲೆಯಲ್ಲಿ ಗೋಲಾಕಾರದಲ್ಲಿ ಟೀಚರ್ ಮುಖ. ಕ್ಲಿಕ್ ಮಾಡಿದಲ್ಲಿ ಹಳದಿ ಉಂಗುರ, ಹುಡುಗರಿಗೆ ಕಾಣ್ಲಿ ಅಂತ. ಸ್ಟಾರ್ಟ್ ಆಗೋ ಮುಂಚೆ ತ್ರೀ, ಟೂ, ಒನ್ ಎಣಿಸ್ತದೆ. ವಿಡಿಯೋ ಸೀದಾ ನಮ್ಮ ಆಫೀಸ್ ಅಕೌಂಟ್‌ಗೆ ಹೋಗ್ತದೆ. ಏಕ್‌ದಮ್ ಫ್ರೀ.”

ಅಗ್ಗಕ್ಕೆ ಮುಗ್ಗಿದ ಜೋಳ ಕೊಂಡವರು ನಮ್ಮ ಕಡೆ ಬಹಳ ಮಂದಿ. ಆದರೆ ಕೊಂಡ ಜೋಳದ ಹುಳ ಹುಳವನ್ನೂ ಹೀಗೆ ಹೊಗಳಿದವನನ್ನು ನಾನು ಕಂಡಿರಲಿಲ್ಲ.

“ಛಲೋ. ಈಗ ಅದೇ ವಿಡಿಯೋ ಮೊದಲಿಂದ ಹಚ್ಚಿ, ತಟ್ಟನೆ ನಿಲ್ಲಿಸು.”

ನಿಲ್ಲಿಸಿದ. ಮೇಲ್‌ನ ನಡುವೆ ದೊಡ್ಡದೊಂದು ‘1’ ಮಸುಕಾಗಿ ಕರಗುತ್ತಿತ್ತು.

“ಮುಂದ ಬಿಡು. ಆಕಿ ಸೆಂಡ್ ಒತ್ತಿದಲ್ಲಿ ನಿಲ್ಲಿಸು.”

ಹಳದಿ ಉಂಗುರ ಬಟನ್ ಸುತ್ತ ಚೆಂದವಾಗಿ ಮೂಡಿತ್ತು. ಅನಿಕೇತನ ಕೈ ಮೌಸ್ ಮೇಲೆಯೇ ಉಳಿಯಿತು. ಬಾಯಿ ಸ್ವಲ್ಪ ತೆರೆದಿತ್ತು.

“ಕಳ್ಳನ್ನ ಹಿಡೀಲಿಕ್ಕೆ ಬಾಗಿಲ ಸಂದಿಯೊಳಗ ಅಡಗಿ ನಿಂತಾವ, ಮೂರು ಎರಡು ಒಂದು ಅಂತ ಒದರಿ ಹೊರಗ ಬರ್ತಾನೇನೋ?” ಎಂದೆ. “ಇದು ನಿನ್ನ ಗುಪ್ತ ಸಾಫ್ಟ್‌ವೇರ್ ಅಲ್ಲ. ಈಗ ಹಾಡಿ ಹೊಗಳಿದಿಯಲ್ಲ, ಅದೇ ಪಾಠದ ಟೂಲು. ಸುಳ್ಳು ಹೇಳಾವಗ ತಾ ಏನು ಆರಿಸೀನಿ ಅಂತನರ ನೆನಪಿರಬೇಕು.”

ಅವನ ಕನ್ನಡ ಪೂರ್ತಿ ಮಾಯವಾಯಿತು. ಹಿಂದಿಯಲ್ಲಿ ಏನೋ ಗೊಣಗಿದ. ನಾನು ಕಾಯಲಿಲ್ಲ.

“ಮೂಲ್ಯಾಗ ಮುಖದ ವೃತ್ತ ಬರ್ತದ ಅಂದಿ. ಇಲ್ಲೂ ಐತಿ, ನೋಡು. ಆದರ ಮುಖ ಎಲ್ಲಿ?”

ಮೂಲೆಯಲ್ಲಿ ಗುಂಡಗಿನ ಚಿತ್ರವೊಂದು ಇದ್ದೇ ಇತ್ತು. ಅದರೊಳಗೆ ಹಾಲು ಕಲಸಿದಂಥ ಬಿಳಿ ಮಂಜು. ಆ ಮಂಜಿನ ಹಿಂದೆ ಏನೋ ಅಲುಗಾಡುತ್ತಿತ್ತು, ಮನುಷ್ಯರೆಂದು ಹೇಳಬಹುದಿತ್ತು, ಯಾರೆಂದು ಹೇಳುವಂತಿರಲಿಲ್ಲ.

“ಕ್ಯಾಮೆರಾ ಮುಚ್ಚಿರ್ತಾಳೆ. ಗಿಲ್ಟಿ ಇದ್ದೋರು ಮುಚ್ಚೇ ಮುಚ್ತಾರೆ,” ಎಂದ. ಮುಳುಗುವವನಿಗೂ ಇಷ್ಟು ಬೇಗ ಹುಲ್ಲುಕಡ್ಡಿ ಸಿಗುವುದಿಲ್ಲ.

ಮಾಧುರಿಯಿಂದ ಕಿತ್ತುಕೊಂಡ ಲ್ಯಾಪ್‌ಟಾಪ್ ಅವನ ಮೇಜಿನ ಮೇಲೆಯೇ ಇತ್ತು. ತೆರೆದೆ. ಅದರ ಕ್ಯಾಮೆರಾಕ್ಕೆ ಕಂಪನಿಯವರೇ ಕೊಟ್ಟ ಸಣ್ಣ ಜಾರುಮುಚ್ಚಳವಿತ್ತು. ಮುಚ್ಚಿ ಕ್ಯಾಮೆರಾ ಹಚ್ಚಿದರೆ ಪರದೆ ಕಾಡಿಗೆಯಷ್ಟು ಕಪ್ಪು. ತೆಗೆದರೆ ನನ್ನ ಮುಖ, ಪಕ್ಕದಲ್ಲಿ ಅನಿಕೇತನ ಬೆವರು. ಬಿಳಿ ಮಂಜಿಗೆ ಇಲ್ಲಿ ದಾರಿಯೇ ಇರಲಿಲ್ಲ.

ಆ ಬಿಳಿಯನ್ನು ನಾನು ಎಲ್ಲೋ ನೋಡಿದ್ದೆ. ನೆನಪಿಗೆ ಬಂದಾಗ ನಗು ಬಂತು. ನನ್ನ ಅಪ್ಪ ಅಮಾವಾಸ್ಯೆಯ ದಿನ ಸ್ಕೂಟರ್ ತೊಳೆದು ಹೆಡ್‌ಲೈಟಿಗೆ ಮೂರು ಬೆರಳಿನ ವಿಭೂತಿ ಎಳೆಯುತ್ತಿದ್ದ. ಆ ರಾತ್ರಿ ದೀಪ ಹಚ್ಚಿದರೆ ರಸ್ತೆಯೆಲ್ಲ ಇದೇ ಹಾಲುಬಿಳಿ. ಅವ್ವ ಒರೆಸಲು ಹೋದರೆ ಜಗಳ. ಹಚ್ಚಿದ ವಿಭೂತಿಯನ್ನು ನಮ್ಮ ಜನ ತಾವಾಗಿ ಒರೆಸುವುದಿಲ್ಲ, ಅದು ಉದುರುವ ತನಕ ಇರಬೇಕು. ಹೊಲಿಗೆ ಯಂತ್ರ, ತಕ್ಕಡಿ, ಹಿಟ್ಟಿನ ಗಿರಣಿ, ಯಾವುದನ್ನೂ ಬಿಟ್ಟವರಲ್ಲ. ಕಂಪ್ಯೂಟರನ್ನು ಬಿಟ್ಟಾರೆಯೇ?

“ನಿಮ್ಮಪ್ಪನ ಕ್ಯಾಬಿನ್ ತೆಗಿ,” ಎಂದೆ.

“ವೋ ಬಂದ್ ಐತಿ. ಯೂಸ್‌ಲ್ಲಿ ಇಲ್ಲ.”

“ಕುಂಬಳಕಾಯಿ ಕಳ್ಳ ಅಂದ್ರ ಹೆಗಲು ಮುಟ್ಟಿ ನೋಡ್ಕೊಳಾಕತ್ತೀಯಲ್ಲೋ. ತೆಗಿ.”

ಡ್ರಾಯರ್‌ನಿಂದ ಕೀಲಿ ತೆಗೆದ. ಅವಸರದಲ್ಲಿ ಮೊದಲು ತಪ್ಪು ಗೊಂಚಲು ಎತ್ತಿದ್ದನ್ನು ನೋಡಿ ನನಗೆ ಸಂತೋಷವಾಯಿತು, ಸುಳ್ಳೇಕೆ ಹೇಳಲಿ.

ಕಾರಿಡಾರಿನ ಗೋಡೆಯುದ್ದಕ್ಕೂ ಈ ವರ್ಷ ಸ್ಕಾಲರ್‌ಶಿಪ್ ಗೆದ್ದ ಮಕ್ಕಳ ಫೋಟೋಗಳ ಫ್ಲೆಕ್ಸ್. ಹೋದ ವರ್ಷದ್ದು ಬಾಗಿಲ ಬದಿಯಲ್ಲಿ ಅಂಗೈಯಗಲ ಇತ್ತು, ಇದು ಮೆಟ್ಟಿಲವರೆಗೂ ಹಬ್ಬಿತ್ತು. ಪೇಪರ್ ಯಾರ ಮಕ್ಕಳ ಕೈಗೆ ಹೋಯಿತೆಂದು ಅರಿಯಲು ಪತ್ತೇದಾರರು ಬೇಕಾಗಿರಲಿಲ್ಲ. ಅದರಡಿ ನಿಂತು ಒಬ್ಬ ಟೀಚರಮ್ಮನನ್ನು ಕಳ್ಳಿ ಎನ್ನಲು ಎಷ್ಟು ದಪ್ಪ ಚರ್ಮ ಬೇಕು ನೋಡಿ.

ಕ್ಯಾಬಿನ್‌ನಲ್ಲಿ ಊದುಬತ್ತಿಯ ವಾಸನೆ ಇನ್ನೂ ಇತ್ತು. ಹಳೆಯ ಕಂಪ್ಯೂಟರ್, ಕೀಬೋರ್ಡಿನ ಮೇಲೆ ಒಣಗಿದ ಚೆಂಡುಹೂವು. ಮಾನಿಟರಿನ ಹಣೆಯ ಮೇಲೆ, ನಟ್ಟನಡುವೆ ಕೂತ ಕ್ಯಾಮೆರಾವನ್ನೂ ಸೇರಿಸಿ, ಮೂರು ಬೆರಳಿನ ದಪ್ಪ ವಿಭೂತಿ.

ಅನಿಕೇತನ ಪ್ರೀತಿಯ ಟೂಲನ್ನೇ ತೆರೆದು ಹಚ್ಚಿಸಿದೆ. ಮೂರು, ಎರಡು, ಒಂದು. ಮೂಲೆಯ ವೃತ್ತದಲ್ಲಿ ಅದೇ ಹಾಲುಬಿಳಿ ಮಂಜು. ನಾನು ಕೈಯಾಡಿಸಿದರೆ ಮಂಜಿನ ಹಿಂದೆ ಏನೋ ಅಲುಗಿತು.

“ಮನಿಯೊಳಗ ಅಲ್ಲ, ಮಾಧುರಿ ಲ್ಯಾಪ್‌ಟಾಪಿನ್ಯಾಗೂ ಅಲ್ಲ. ಆ ವಿಡಿಯೋ ತಗದದ್ದು ಈ ಕುರ್ಚಿಯೊಳಗ ಕೂತು,” ಎಂದೆ. “ಪೊಲೀಸರ ಮುಂದ ಇದನ್ನ ನಾ ಹೇಳಲೋ, ನೀ ಹೇಳ್ತೀಯೋ?”

ಅವನು ಬೆವರು ಒರೆಸಿಕೊಂಡ. ಆಮೇಲೆ ನಕ್ಕ. ಆ ನಗೆ ನನಗೆ ಹಿಡಿಸಲಿಲ್ಲ.

“ಓಕೆ ಆಂಟಿ. ಮಾನಿಟರಿಂಗ್ ಝೂಟ್, ಸುಳ್ಳು. ವಿಡಿಯೋ ನಮ್ಮ ಆಫೀಸ್ ಅಕೌಂಟ್‌ನಲ್ಲಿ ಸಿಕ್ತು. ಎಲ್ಲಿಂದ ಬಂತು ಅಂದ್ರೆ ಪೊಲೀಸ್‌ಗೆ ಏನು ಹೇಳ್ಲಿ? ಅದಕ್ಕೇ ಆ ಸ್ಟೋರಿ. ಆದ್ರೆ ಒಂದು ಕೇಳಿ. ಈ ವಿಭೂತಿ ಯಾರು ಹಚ್ಚಿದ್ದು?”

“ನಿಮ್ಮಪ್ಪ. ಪ್ರತಿ ಅಮಾಸಿಗೆ ಅವರ ಹಚ್ಚೂದು.”

“ಈ ಅಮಾವಾಸ್ಯಾಕ್ಕೆ ಅಪ್ಪಾ ಹಾಸ್ಪಿಟಲ್‌ನಲ್ಲಿ ಇದ್ರು, ಆಪರೇಷನ್. ಪೂಜಾ ತಪ್ಪಬಾರ್ದು ಅಂತ ಚಾವಿ ಮಾಧುರಿಗೆ ಕೊಟ್ರು. ಪೂರಾ ದಿನ ಚಾವಿ ಅವಳ ಹತ್ರ ಇತ್ತು. ಮೇಲ್ ಹೋಗಿದ್ದೂ ಅವತ್ತೇ.” ಅವನು ಬಾಗಿಲಿಗೊರಗಿ ನಿಂತ. “ನಾನು ಸಿರ್ಫ್ ಅವಳ ಅಕೌಂಟ್ ತೋರಿಸಿದ್ದೆ. ನೀವು ಅವಳನ್ನ ಕುರ್ಚಿಯಲ್ಲೇ ಕೂರಿಸಿ ಕೊಟ್ರಿ. ಥ್ಯಾಂಕ್ಯೂ ಆಂಟಿ.”

ಬೀದಿಯಲ್ಲಿ ಹೋಗುವ ಮಾರಿಯನ್ನು ಮನೆಗೆ ಕರೆದು ಮಣೆ ಹಾಕಿದ್ದೆ. ಅದೂ ಇಂಥ ಬದನೆಕಾಯಿಯ ಎದುರು.

ನನಗೆ ಅವನ ಮೇಲೆ ಬಂದ ಸಿಟ್ಟಿಗಿಂತ ಮಾಧುರಿಯ ಮೇಲೆ ಬಂದದ್ದು ಹೆಚ್ಚು. ಬೆಳಿಗ್ಗೆ ಒಂದೊಂದೇ ಕೋಣೆಯ ಬಗ್ಗೆ ವಿಚಾರಿಸುತ್ತ ಅವಳನ್ನು ಕೇಳಿದ್ದೆ: ಅಪ್ಪಾರ ಕ್ಯಾಬಿನ್ನಿಗೆ ನೀ ಎಂದರ ಹೋಗಿದ್ದೇನು? ಇಲ್ಲ ಎಂದಿದ್ದಳು, ನೆಲ ನೋಡುತ್ತ. ನೆಲ ನೋಡಿ ಹೇಳಿದ ಮಾತನ್ನು ನಂಬುವಷ್ಟು ದಡ್ಡತನ ನನಗೆ ಯಾವಾಗ ಬಂತೋ ಗೊತ್ತಿಲ್ಲ.

ಒಂದು ಮಾತ್ರ ಲೆಕ್ಕಕ್ಕೆ ಹೊಂದಲಿಲ್ಲ. ಕಳ್ಳತನ ಮಾಡುವವಳು ತಾನೇ ತನ್ನ ಕಳ್ಳತನವನ್ನು ರೆಕಾರ್ಡ್ ಏಕೆ ಮಾಡಿಕೊಳ್ಳುತ್ತಾಳೆ? ವಿಡಿಯೋವನ್ನು ನನ್ನ ಮೊಬೈಲಿಗೆ ಹಾಕಿಸಿಕೊಂಡು, ಅನಿಕೇತನನ್ನು ಕಾರಿಡಾರಿನಲ್ಲೇ ಬಿಟ್ಟು, ಕ್ಲಾಸ್‌ರೂಮಿನ ಬಾಗಿಲು ಮುಚ್ಚಿಕೊಂಡೆ.

ಮಾಧುರಿ ಮೊದಲ ಬೆಂಚಿನಲ್ಲಿ ಕೂತಿದ್ದಳು. ಎದುರಿನ ಗೋಡೆಯಲ್ಲಿ ಕಪ್ಪುಹಲಗೆಯ ಮೇಲೆ ಶರಣಬಸಪ್ಪನವರ ದೊಡ್ಡ ಫೋಟೋ, ಹಣೆ ತುಂಬ ವಿಭೂತಿ.

“ಅಮಾಸಿ ಪೂಜಿ ಯಾರು ಮಾಡಿದ್ದು?” ಎಂದೆ, ನಿಂತುಕೊಂಡೇ.

ಅವಳು ಬೆಂಚಿನ ಮೇಲಿನ ಗೀರೊಂದನ್ನು ಉಗುರಿನಿಂದ ಕೆರೆಯತೊಡಗಿದಳು.

“ನಾ ನಿನ್ನ ಪರವಾಗಿ ಆ ಪ್ಯಾಲಿ ಅನಿಕೇತನ ಮುಂದ ಹಲ್ಲು ಕಡಕೊಂಡು ನಿಂತಿದ್ದೆ. ನೀ ನನ್ನ ಮಾರಿ ಮ್ಯಾಲೆ ಮಸಿ ಬಳದಿ. ಸುಳ್ಳು ಹೇಳೋರ ಕೆಲಸ ಮಾಡೂದು ನನಗ ಹೊಸದಲ್ಲ, ಆದರ ಅವರು ನನಗ ಸುಳ್ಳು ಹೇಳಿದ್ರ ನಾ ಎದ್ದು ಹೋಗ್ತೀನಿ.”

“ನಾನ ಮಾಡಿದ್ದು ರೀ,” ಎಂದಳು. “ಅಪ್ಪಾರು ಹಚ್ಚಿದಂಗ ಮೂರು ಬೆರಳಿಲೆ ಹಚ್ಚಿದೆ. ಅಲ್ಲಿ ಕ್ಯಾಮೆರಾ ಐತಿ ಅಂತ ತಲಿಗೇ ಬರಲಿಲ್ಲ.”

“ಮತ್ತ ಮೇಲು?”

“ಅದೂ ನಾನ.”

“ರೆಕಾರ್ಡಿಂಗು?”

“ಅದೂ ನಾನ ರೀ, ಅಕ್ಕಾರ.”

ನಾನು ಬೆಂಚಿನ ತುದಿಯಲ್ಲಿ ಕೂತೆ. ಸಂಜೆ ಪೊಲೀಸರು ಬಂದರೆ ಇಷ್ಟು ಸಾಕಿತ್ತು. ಈ ಹುಡುಗಿ ತನ್ನ ಕೈಯಿಂದ ತನಗೇ ಬೇಡಿ ತೊಡಿಸಿಕೊಳ್ಳುತ್ತಿದ್ದಳು.

“ಹಂಗಾರ ಬೆಳಿಗ್ಗೆ ಯಾಕ ಬಾಯಿ ಬಿಡಲಿಲ್ಲ?”

“ಸುಮ್ಮನಿರು, ಯಾರ ಮುಂದೂ ಏನೂ ಹೇಳಬ್ಯಾಡ, ನಾ ಬಿಡಿಸ್ತೀನಿ ಅಂದಾರ.”

“ಯಾರು?”

ಅವಳು ಮತ್ತೆ ನೆಲ ನೋಡಿದಳು. ನನಗೆ ರೇಗಿತು. ಮೊಬೈಲ್ ತೆಗೆದು ವಿಡಿಯೋ ಹಚ್ಚಿ ಅವಳ ಕಣ್ಣ ಮುಂದೆ ಹಿಡಿದೆ.

“ನೋಡು. ನಿನ್ನನ್ನ ಬಿಡಸಾಕ ಹೊಂಟಾವರು ಇದನ್ನ ಪೊಲೀಸರಿಗೆ ಕೊಡಾಕತ್ತಾರ.”

ಅವಳು ಅದನ್ನು ಮೊದಲ ಸಲ ನೋಡುತ್ತಿದ್ದಳು. ಬಾಣ ಸೆಂಡ್ ಮೇಲೆ ಬಂತು, ಹಿಂದಕ್ಕೆ ಸರಿಯಿತು. ಅವಳ ತುಟಿ ಏನನ್ನೋ ಹೇಳುತ್ತಿದ್ದಂತೆ ಅಲುಗಿತು. ಬಾಣ ಮತ್ತೆ ಸರಿಯಿತು, ತುಟಿಯೂ ಮತ್ತೆ ಅಲುಗಿತು. ಅವಳಿಗೆ ಆ ಪಾಠ ಬಾಯಿಪಾಠವಿತ್ತು.

“ದನಿ ಹಾಕ್ರಿ, ಅಕ್ಕಾರ.”

“ದನಿ ಇಲ್ಲ ಇದಕ್ಕ.”

“ಐತ್ರಿ. ದೊಡ್ಡದು ಮಾಡ್ರಿ.”

“ಇಲ್ಲವ್ವಾ. ಅನಿಕೇತ್ ಕೊಟ್ಟದ್ದ ಹಿಂಗ.”

ಮಾಧುರಿ ನನ್ನ ಕೈಯಿಂದ ಮೊಬೈಲ್ ಕಿತ್ತುಕೊಂಡು ಕಿವಿಗೆ ಒತ್ತಿ ಹಿಡಿದಳು. ಮೈಕ್ ಇರುವ ಟೂಲು, ತ್ರೀ ಟೂ ಒನ್ ಎಣಿಸುವ ಟೂಲು, ಅನಿಕೇತ್ ತಾನೇ ಆರಿಸಿದ್ದು. ಮೈಕ್ ಐತಿ ಎಂದು ಅರ್ಧ ಗಂಟೆಯ ಹಿಂದೆ ಅವನೇ ನನಗೆ ಹೇಳಿದ್ದ. ನಾನು ಹಳದಿ ಉಂಗುರ, ಬಿಳಿ ಮಂಜು ಎಂದು ಕುಣಿದಾಡಿ, ಕಿವಿಗೆ ಬಿದ್ದದ್ದನ್ನು ಬಿಟ್ಟಿದ್ದೆ. ನಾಲ್ಕು ಜನರನ್ನು ದಡ್ಡರೆಂದು ಬೈದು ತಿನ್ನುವ ನನ್ನ ಯೋಗ್ಯತೆ ಅಷ್ಟೇ.

“ದನಿಗೋಸ್ಕರನ ಆ ಟೂಲ್ ಹಚ್ಚಿದ್ದೆ ರೀ,” ಎಂದಳು. ದನಿ ಒಡೆದಿತ್ತು. “ಅವರ ಫೋನ್ ಬಂದಾಗ ಸ್ಪೀಕರ್ ಮ್ಯಾಲೆ ಇಟ್ಟು ಕ್ಯಾಮೆರಾಕ್ಕ ತೋರಿಸಿದ್ದೆ, ಹೆಸರು ಕಾಣ್ಲಿ ಅಂತ. ಕಳಸೂದಿಲ್ರಿ ಅಂತ ಎರಡೆರಡು ಸಲ ಅಂದೆ. ನಿಮ್ಮವ್ವನ ಮುಖ ನೋಡಿ ನಿನ್ನ ಓದಿಸೀನಿ, ಈಗ ನನ್ನ ಮಾತು ತೆಗದು ಹಾಕ್ತೀ ಏನು ಅಂದ್ರು. ಕಳಿಸಿದೆ. ನಾಳೆ ಏನರ ಆದ್ರ ಇದು ಇರಲಿ ಅಂತ ರೆಕಾರ್ಡ್ ಮಾಡಿದೆ.”

ಕ್ಯಾಮೆರಾಕ್ಕೆ ತೋರಿಸಿದ ಹೆಸರನ್ನು ಅವಳೇ ಆ ಅಮಾವಾಸ್ಯೆಯ ಬೆಳಿಗ್ಗೆ ಭಕ್ತಿಯಿಂದ ಮುಚ್ಚಿಬಿಟ್ಟಿದ್ದಳು. ಉಳಿದ ದನಿಯನ್ನು ಬೇರೆಯವರು ಮುಚ್ಚಿದ್ದರು.

“ಯಾರ ಹೆಸರು, ಮಾಧುರಿ?”

ಅವಳು ತಲೆ ಎತ್ತಿ ಕಪ್ಪುಹಲಗೆಯ ಮೇಲಿನ ಫೋಟೋ ನೋಡಿದಳು.

ನಾನೂ ಅದೇ ಫೋಟೋ ನೋಡಿದೆ. ಅವಳ ಭುಜ ಹಿಡಿದುಕೊಂಡೆ. ಒಂದೇ ದಾರಿ ಉಳಿದಿತ್ತು. ಆಫೀಸ್ ಅಕೌಂಟಿನಲ್ಲಿದ್ದುದನ್ನು ಅವರು ಮೂಕ ಮಾಡಿದ್ದರು. ದನಿಯಿದ್ದ ಮೂಲ ಇನ್ನೆಲ್ಲಾದರೂ ಉಳಿದಿದ್ದರೆ ಮಾತ್ರ ಈ ಹುಡುಗಿ ಉಳಿಯುತ್ತಿದ್ದಳು.

“ಇದರದ್ದು ಬ್ಯಾರೆ ಕಾಪಿ ಎಲ್ಲ್ಯರ ಐತೇನು?” ಎಂದೆ.

ಮಾತು ನನ್ನ ಬಾಯಿಂದ ಬಂದ ಮೇಲೆ ಅದು ನನ್ನದಲ್ಲ ಎಂದು ತಿಳಿಯಿತು. ನಿನ್ನೆ ನನ್ನ ಆಫೀಸಿನಲ್ಲಿ, ಕಪ್ಪು ಕನ್ನಡಕದ ಹಿಂದಿನಿಂದ, ಇದೇ ಮಾತನ್ನು ಇದೇ ಮೆತ್ತಗಿನ ದನಿಯಲ್ಲಿ ನನಗೆ ಕಲಿಸಿ ಕಳಿಸಿದ್ದರು.

ಮಾಧುರಿ ತಲೆಯಾಡಿಸಿದಳು. “ಐತ್ರಿ. ಅವತ್ತ ಇಳಿಸಿಕೊಂಡು...”

ಬಾಗಿಲು ತೆರೆಯಿತು. ಮೊದಲು ಊರುಗೋಲು ಒಳಗೆ ಬಂತು, ಆಮೇಲೆ ಕಪ್ಪು ಕನ್ನಡಕ, ಹಣೆ ತುಂಬ ವಿಭೂತಿ. ಶರಣಬಸಪ್ಪನವರು ನನ್ನ ಕಡೆ ತಿರುಗಿ ನಕ್ಕರು.

“ಯಾಕ ನಿಲ್ಲಿಸಿದಿ, ತಂಗಿ? ಎಲ್ಲಿ ಇಟ್ಟಿ, ಹೇಳು,” ಎಂದರು. “ಅಂಜಬ್ಯಾಡ. ರಂಜವ್ವ ನಮ್ಮಾಕೀನ. ನಾನ ಕಳಿಸೀನಿ ಆಕೀನ್ನ ನಿನ್ನ ಕಡೆ.”

ಮಾಧುರಿ ತನ್ನ ಭುಜದ ಮೇಲಿದ್ದ ನನ್ನ ಕೈ ನೋಡಿದಳು. ಆಮೇಲೆ ನನ್ನ ಮುಖ ನೋಡಿದಳು. ನಿಧಾನಕ್ಕೆ ಕೈಯನ್ನು ತೆಗೆದಿಟ್ಟು, ಬಾಯಿ ಮುಚ್ಚಿಕೊಂಡಳು.